ದಿನಕ್ಕೆ 40 ಕಿ.ಮೀ. ನಡೆದರೂ ಬರೆಯಲು ಏನೂ ಉಳಿಯದಿರುವ ಬಗ್ಗೆ
ಬೆಂಗಳೂರಿನಿಂದ ಮೈಸೂರಿಗೆ ದಿನಕ್ಕೆ 40 ಕಿ.ಮೀ.ಯಂತೆ ನಡೆದರೂ ಟಿಪ್ಪಣಿ ಪುಸ್ತಕ ಖಾಲಿ ಉಳಿಯಿತೆಂದು ಬರೆದಿದ್ದೀರಿ. ಅದಕ್ಕೆ ಮುಖ್ಯ ಕಾರಣ ಆ ವೇಗವೇ, ಜೊತೆಗೆ ಬಹುಶಃ ನೀವು ಊರುಗಳನ್ನು ಬಳಸಿ ಹೋಗುವ ಬೈಪಾಸ್‌ಗಳ ಸರ್ವಿಸ್ ರಸ್ತೆ ಹಿಡಿದಿರಬೇಕು. ಮೊದಲು ದಿನದ ದೂರವನ್ನು 20 ಕಿ.ಮೀ.ಗೆ ಇಳಿಸಿ, ರಾಮನಗರ, ಚನ್ನಪಟ್ಟಣ, ಮದ್ದೂರುಗಳ ಒಳಗಿಂದಲೇ ಸಾಗುವ ಹಳೆಯ ರಸ್ತೆಯನ್ನು ಆರಿಸಿಕೊಳ್ಳಿ. ರಾಮನಗರದಲ್ಲಿ ಹಿಂದಿನ ರಾತ್ರಿಯೇ ತಂಗಿದರೆ, ರೈತರು ರೇಷ್ಮೆಗೂಡನ್ನು ಮಾರುಕಟ್ಟೆಗೆ ತಂದು ಸುರಿಯುವುದನ್ನು ಬೆಳಿಗ್ಗೆ ನಿಧಾನವಾಗಿ ನೋಡಬಹುದು. ಅಲ್ಲಿಂದ ಸುಮಾರು 12 ಕಿ.ಮೀ. ನಡೆದರೆ ಸಿಗುವ ಚನ್ನಪಟ್ಟಣದಲ್ಲಿ, ತಿರುಗುವ ಮರಕ್ಕೆ ಅರಗಿನ ಬಣ್ಣ ಹಿಡಿಸುವ ಗೊಂಬೆ ಕೆಲಸಗಾರರ ಬಳಿ ಒಂದು ಮಧ್ಯಾಹ್ನವನ್ನೇ ಕಳೆಯಿರಿ, ನನ್ನ ಮಟ್ಟಿಗೆ ಇಡೀ ದಾರಿಯಲ್ಲಿ ಅದಕ್ಕಿಂತ ಬೆಲೆಬಾಳುವ ನಿಲುಗಡೆಯಿಲ್ಲ. ಮಂಡ್ಯದ ಆಸುಪಾಸಿನಲ್ಲಿ ಆಲೆಮನೆಯ ಹೊಗೆ ಕಂಡಲ್ಲಿ ನಿಲ್ಲಿ. ಗಂಟೆಗೊಮ್ಮೆ ಕುಳಿತು, ಫೋಟೊ ತೆಗೆಯುವ ಮೊದಲೇ, ಕಂಡದ್ದನ್ನೂ ಕೇಳಿದ್ದನ್ನೂ ಮೂರು ಸಾಲು ಬರೆಯಿರಿ. ಅದನ್ನು ರಾತ್ರಿಗೆ ಉಳಿಸಿಕೊಳ್ಳಬೇಡಿ.