ಮೇಸ್ತ್ರಿ ಹೇಳಿದ 9 ಅಡಿ ರ‍್ಯಾಂಪ್ ಸಾಲದು

ನಮಸ್ಕಾರ. ಬಾಗಿಲ ಮುಂದೆ ಮೂರು ಮೆಟ್ಟಿಲು, ಒಟ್ಟು ಒಂದೂವರೆ ಅಡಿ ಎತ್ತರ, ಗೇಟಿನವರೆಗೆ 9 ಅಡಿ ಜಾಗ. ಅಷ್ಟರಲ್ಲೇ ಅಮ್ಮನ ಗಾಲಿಕುರ್ಚಿಗೆ ರ‍್ಯಾಂಪ್ ಆಗುತ್ತಾ ಅಂತ ಕೇಳಿದ್ದೀರಿ. ದಯವಿಟ್ಟು ಹಾಗೆ ಕಟ್ಟಿಸಬೇಡಿ.

ಕಟ್ಟಡಗಳಲ್ಲಿ ಅಂಗವಿಕಲರೂ ಸುಲಭವಾಗಿ ಓಡಾಡುವಂತಿರಬೇಕು ಅಂತ ಕೇಂದ್ರ ಸರ್ಕಾರ ಹೊರಡಿಸಿದ 2021ರ ಮಾರ್ಗಸೂಚಿ ಪ್ರಕಾರ ಒಂದು ಅಡಿ ಏರಲು ಕನಿಷ್ಠ 12 ಅಡಿ ಉದ್ದ ಬೇಕು. ನಿಮಗೆ 18 ಅಡಿ. 9 ಅಡಿಯಲ್ಲಿ ಮುಗಿಸಿದರೆ ಇಳಿಜಾರು ಎರಡು ಪಟ್ಟು ಕಡಿದಾಗುತ್ತೆ. ತಳ್ಳುವವರಿಗೂ ಕಷ್ಟ, ಇಳಿಯುವಾಗಂತೂ ಕುರ್ಚಿ ಕೈತಪ್ಪುವ ಭಯ.

ಗೇಟಿನ ಕಡೆ ಬಿಟ್ಟು ಮನೆ ಗೋಡೆಗೆ ಒತ್ತಿಕೊಂಡು ಪಕ್ಕಕ್ಕೆ ಇಳಿಸಿ. ಉದ್ದ ಸಾಲದಿದ್ದರೆ ನಡುವೆ ತಿರುವು ಕೊಡಿ, ತಿರುವಿನಲ್ಲಿ 5 ಅಡಿ ಚೌಕದ ಸಮತಟ್ಟು ಜಾಗ ಬಿಡಿ. ಬಾಗಿಲ ಮುಂದೆಯೂ ಅಷ್ಟೇ ಬೇಕು. ಇದನ್ನೇ ಜಾಸ್ತಿ ಜನ ಮರೆಯೋದು. ಇಳಿಜಾರು ನೇರ ಹೊಸ್ತಿಲಿಗೇ ಬಂದು ಮುಟ್ಟಿದರೆ, ಅಮ್ಮ ಒಂದು ಕೈ ಚಿಲಕಕ್ಕೆ ಹಾಕಿದ ಕೂಡಲೇ ಕುರ್ಚಿ ಹಿಂದಕ್ಕೆ ಜಾರುತ್ತೆ. ಬಾಗಿಲು ಹೊರಗೆ ತೆರೆಯುವಂಥದ್ದಾದರೆ ಇನ್ನೂ ಕಷ್ಟ ಅಲ್ವಾ?

ಅಗಲ 4 ಅಡಿ ಇರಲಿ. ಎರಡೂ ಬದಿ ಕಂಬಿ, ಗಾಲಿ ಜಾರದಂತೆ ಅಂಚಿಗೆ ಸಣ್ಣ ಕಟ್ಟೆ. ಪಾಲಿಶ್ ಗ್ರಾನೈಟ್ ಮಾತ್ರ ಬೇಡವೇ ಬೇಡ, ಮಳೆ ಬಿದ್ದರೆ ಜಾರುತ್ತೆ. ಸಿಮೆಂಟ್ ಹಸಿ ಇರುವಾಗಲೇ ಪೊರಕೆ ಎಳೆಸಿ ಒರಟು ಮಾಡಿಸಿ.

ಕೆಲಸ ಶುರುವಾಗೋ ಮುಂಚೆ ತಿರುವಿನ ಅಳತೆಯನ್ನು ನೆಲದ ಮೇಲೆ ಸುಣ್ಣದಲ್ಲಿ ಗುರುತು ಮಾಡಿ, ಅಮ್ಮನ ಕುರ್ಚಿ ಅದರೊಳಗೆ ಪೂರ್ತಿ ತಿರುಗುತ್ತಾ ನೋಡಿಕೊಳ್ಳಿ.