ರೆನ್‌ಪೈನಲ್ಲಿ ಮಾಡಿದ ಪ್ರೇಮಕಥೆಯ ವಿಷುವಲ್ ನಾವೆಲ್ ಸ್ವಿಚ್‌ಗೆ ಹಾಗೇ ಹೋಗುತ್ತಾ?

ರೆನ್‌ಪೈ ಎಂಬ ಗೇಮ್ ಎಂಜಿನ್‌ನಲ್ಲಿ ಕಟ್ಟಿದ, ಚಿತ್ರ ನೋಡುತ್ತಾ ಮಾತು ಓದುತ್ತಾ ಸಾಗುವ ನಿಮ್ಮ ಗೇಮನ್ನು ನಿಂಟೆಂಡೊದ ಸ್ವಿಚ್ ಗೇಮ್ ಸಾಧನಕ್ಕೆ ಒಯ್ಯಬೇಕು ಅಂತ ಬರೆದಿದ್ದೀರಿ. ನಿಮ್ಮ ಗೇಮ್ 1280×720 ಪಿಕ್ಸೆಲ್, ಸ್ವಿಚ್ ಪರದೆಯೂ 1280×720, ಹಾಗಾಗಿ ಏನೂ ಬದಲಿಸಬೇಕಿಲ್ಲ ಅಂತೀರಿ. ನಾನೂ ಇದೇ ಲೆಕ್ಕ ಹಾಕಿ ಕೈಹಾಕಿದ್ದೆ. ಚಿತ್ರ ಸರಿಯಾಗೇ ಬಂತು, ಅಕ್ಷರ ಓದೋಕಾಗಲಿಲ್ಲ. ರೆನ್‌ಪೈ ತಾನಾಗಿ ಕೊಡುವ 22 ಪಿಕ್ಸೆಲ್ ಅಕ್ಷರ 15.6 ಇಂಚಿನ ಲ್ಯಾಪ್‌ಟಾಪ್ ತುಂಬಾ ಕಂಡರೆ ಸುಮಾರು 6 ಮಿ.ಮೀ. ಎತ್ತರ, 6.2 ಇಂಚಿನ ಸ್ವಿಚ್‌ನಲ್ಲಿ 2.4. ಅದನ್ನು 34ಕ್ಕೆ ಏರಿಸಿದೆ. ಮಾತಿನ ಪೆಟ್ಟಿಗೆಯಲ್ಲಿ ಮೂರೇ ಸಾಲು ಹಿಡಿಯಿತು, ಉದ್ದದ ಮಾತೆಲ್ಲ ಆಚೆ ಚೆಲ್ಲಿತು.

ತಪ್ಪಿದ್ದು ಅಲ್ಲೇ. ಉದ್ದದ ಮಾತುಗಳನ್ನು ಸ್ಕ್ರಿಪ್ಟ್‌ನಲ್ಲಿ ನೇರವಾಗಿ ಎರಡಾಗಿ ಮುರಿಯುತ್ತಾ ಹೋದೆ. ಆದರೆ ಆ ಮಾತುಗಳಿಗೆ ದನಿಯನ್ನು ಜೋಡಿಸಿದ್ದು ಆಟೋ ವಾಯ್ಸ್‌ನಿಂದ, ಅಂದರೆ ಪ್ರತಿ ಮಾತಿನ ದನಿ ಫೈಲನ್ನು ರೆನ್‌ಪೈ ತಾನೇ ಹುಡುಕಿ ನುಡಿಸುವ ಸೌಲಭ್ಯದಿಂದ. ಅದು ಫೈಲ್ ಹುಡುಕುವುದು ಪ್ರತಿ ಮಾತಿನ ಗುರುತು ಹಿಡಿದು; ಗುರುತು ಅಂದರೆ ಲೇಬಲ್ (ಸ್ಕ್ರಿಪ್ಟ್‌ನ ಆ ಭಾಗದ) ಹೆಸರು, ಜೊತೆಗೆ ಆ ಮಾತಿನಿಂದಲೇ ಲೆಕ್ಕ ಹಾಕಿದ, ಹ್ಯಾಶ್ ಎಂಬ ಎಂಟಕ್ಷರದ ಸಂಕೇತ. ಒಂದು ಅಲ್ಪವಿರಾಮ ತೆಗೆದರೂ ಹ್ಯಾಶ್ ಬದಲಾಗುತ್ತೆ, ಹಳೇ ಹೆಸರಿನ ಫೈಲ್ ಸಿಗಲ್ಲ. ಸಿಗದಿದ್ದರೆ ಎರರ್ ಕೂಡ ಬರಲ್ಲ, ಆ ಮಾತಿಗೆ ದನಿ ಇರಲ್ಲ ಅಷ್ಟೆ. ಸ್ಕಿಪ್ ಒತ್ತಿಕೊಂಡೇ ಪರೀಕ್ಷಿಸಿದ್ದರಿಂದ ತಿಳಿಯಲೇ ಇಲ್ಲ. ಕೊನೆಗೆ ಕೂತು ಕೇಳಿದಾಗ, ನಾಯಕಿ ಮನಸ್ಸು ಬಿಚ್ಚಿಡುವ ದೃಶ್ಯ ಪೂರ್ತಿ ಮೌನ. ನೂರಾರು ಮಾತುಗಳನ್ನು ಹಳೇ ಸ್ಕ್ರಿಪ್ಟ್ ಪಕ್ಕದಲ್ಲಿಟ್ಟು ಒಂದೊಂದಾಗಿ ಮತ್ತೆ ಜೋಡಿಸಬೇಕಾಯಿತು.

ಪಠ್ಯ ಮುಟ್ಟುವ ಮೊದಲೇ ಪ್ರತಿ ಮಾತಿನ ಕೊನೆಗೆ ಅದರ ಈಗಿನ ಗುರುತನ್ನು ‘ಐಡಿ’ ಎಂದು ಬರೆದು ಗಟ್ಟಿ ಮಾಡಿಕೊಳ್ಳಿ. ಮುರಿದ ಮೇಲೆ ಆ ಐಡಿ ಮೊದಲ ತುಂಡಿಗೆ ಇರಲಿ, ಎರಡನೆಯದರ ಮೇಲಿನ ಸಾಲಿನಲ್ಲಿ ‘ವಾಯ್ಸ್ ಸಸ್ಟೇನ್’ (ನುಡಿಯುತ್ತಿರುವ ದನಿ ಮುಂದುವರಿಯಲಿ ಎನ್ನುವ ಆಜ್ಞೆ) ಹಾಕಿ. ಓದುಗ ಬಟನ್ ಒತ್ತಿದರೂ ದನಿ ತುಂಡಾಗಲ್ಲ. ಮಾತುಗಳು ತಾವಾಗಿ ಮುಂದೆ ಸಾಗುವ ಆಟೋ ಮೋಡ್‌ನಲ್ಲಿ ಮಾತ್ರ ದನಿ ಮುಗಿಯುವವರೆಗೆ ಮೊದಲ ತುಂಡು ಕದಲಲ್ಲ. ಹಾಗಾಗಿ ಮುಖ್ಯ ದೃಶ್ಯಗಳ ಆಡಿಯೊ ಫೈಲನ್ನೇ ಎರಡು ಮಾಡಿ, ಎರಡನೇ ತುಂಡಿಗೆ ಸಸ್ಟೇನ್ ಬದಲು ಬೇರೆಯದೇ ಒಂದು ಐಡಿ ಕೊಡಿ.

ಯೂನಿಟಿ ಎಂಬ ಬೇರೆ ಎಂಜಿನ್‌ನಲ್ಲಿ ಮತ್ತೆ ಬರೆಯಲೇ ಅಂತಲೂ ಕೇಳಿದ್ದೀರಿ. ಬೇಡ. ಗೇಮನ್ನು ನೇರವಾಗಿ ಸ್ವಿಚ್‌ಗೆ ತಯಾರಿಸಿಕೊಡುವ ವ್ಯವಸ್ಥೆ (ಬಿಲ್ಡ್) ರೆನ್‌ಪೈನಲ್ಲಿ ಇಲ್ಲ, ನಿಜ. ಎಂಜಿನ್ ಕೆಲಸವನ್ನು ನಿಂಟೆಂಡೊ ಅನುಮತಿ ಇರುವ, ಗೇಮನ್ನು ಬೇರೆ ಸಾಧನಕ್ಕೆ ಹೊಂದಿಸಿಕೊಡುವ ಪೋರ್ಟ್ ತಂಡಕ್ಕೆ ಬಿಡಿ. ಆದರೆ ಮಾತು ಮುರಿಯುವುದನ್ನು ಅವರಿಗೆ ಬಿಡಬೇಡಿ. “ನಿನ್ನನ್ನು” ಅಂದಮೇಲೆ ಬಟನ್ ಒತ್ತಿಸಬೇಕೋ ಬೇಡವೋ ಅನ್ನೋದು ಕಥೆ ಬರೆದವರಿಗೇ ಗೊತ್ತು.

ಮೌಸ್ ಹೋವರ್‌ಗೆ (ಮೌಸ್ ಬಾಣವನ್ನು ಮೇಲೆ ತಂದಾಗ ಕೆಲಸ ಮಾಡುವಂತೆ) ಕಟ್ಟಿದ ಆಯ್ಕೆಗಳಿದ್ದರೆ ಬಟನ್‌ಗೆ ಬದಲಿಸಿ. ಟಿವಿಗೆ ಡಾಕ್ ಮಾಡಿದಾಗ ಟಚ್ ಕೂಡ ಇರಲ್ಲ. ವಯಸ್ಸಿನ ರೇಟಿಂಗ್‌ಗಾಗಿ ಹಾಸಿಗೆ ದೃಶ್ಯ ತೆಗೆಯುವುದಾದರೆ ಅದರೊಳಗೆ ಒಲವಿನ ಅಂಕ ಏರಿಸುವ ಸಾಲಿದೆಯಾ ನೋಡಿ. ಅದೂ ಜೊತೆಗೇ ಹೋದರೆ ಆ ನಾಯಕಿಯ ಸುಖಾಂತ್ಯಕ್ಕೆ ಯಾರೂ ತಲುಪಲಾರರು.