ಲ್ಯಾಪ್‌ಲ್ಯಾಂಡಿನ ಕಾಡಿನಲ್ಲಿ ಸ್ನೋಶೂ ನಡಿಗೆ: ಅರವತ್ತರ ಅಪ್ಪ-ಅಮ್ಮನನ್ನು ಕರೆದುಕೊಂಡು ಹೋಗಬಹುದೇ?

ನಿಮ್ಮ ಪ್ರಶ್ನೆ ನನಗೆ ಅರ್ಥವಾದಂತೆ ಇಷ್ಟು: ಫೆಬ್ರವರಿಯಲ್ಲಿ ಫಿನ್‌ಲ್ಯಾಂಡಿನ ಲ್ಯಾಪ್‌ಲ್ಯಾಂಡಿಗೆ ಹೊರಟಿದ್ದೀರಿ, ಜೊತೆಗೆ ಅರವತ್ತು ದಾಟಿದ ಅಪ್ಪ-ಅಮ್ಮ. ಬೆಂಗಳೂರಿನ ಡಿಸೆಂಬರ್ ಚಳಿಯೇ ಅವರು ಕಂಡ ದೊಡ್ಡ ಚಳಿ. ಗೈಡ್ ಜೊತೆ ಸ್ನೋಶೂ (ಹಿಮದಲ್ಲಿ ಹೆಚ್ಚು ಹೂತುಹೋಗದಂತೆ ಬೂಟಿನ ಕೆಳಗೆ ಕಟ್ಟಿಕೊಳ್ಳುವ ಅಗಲವಾದ ಚೌಕಟ್ಟು) ನಡಿಗೆ ಬುಕ್ ಮಾಡಬಹುದೇ, ಮೈನಸ್ 20ರಲ್ಲಿ ಏನು ಹಾಕಿಕೊಳ್ಳಬೇಕು?

ಧಾರಾಳವಾಗಿ ಮಾಡಿ. ದಿನಾ ಬೆಳಗ್ಗೆ ಒಂದು ಗಂಟೆ ಪಾರ್ಕು ಸುತ್ತುವ ಅಭ್ಯಾಸವಿದ್ದರೆ ಎರಡು ಗಂಟೆಯ ನಡಿಗೆ ಅವರಿಗೆ ಭಾರವಾಗದು. ಆದರೆ ನೀವು ಪಟ್ಟಿ ಮಾಡಿರುವ ಬಟ್ಟೆ ನೋಡಿದರೆ (ಎರಡು ಸ್ವೆಟರ್, ಅದರ ಮೇಲೆ ದಪ್ಪ ಜಾಕೆಟ್, ಅದರ ಮೇಲೆ ಪ್ರವಾಸದ ಕಂಪನಿಯವರು ಕೊಡುವ ಸೂಟು) ಹೊರಟ ಕಾಲು ಗಂಟೆಗೆ ಮೂವರೂ ಬೆವರಿನಲ್ಲಿ ತೋಯ್ದಿರುತ್ತೀರಿ. ತೊಂದರೆ ಶುರುವಾಗುವುದೇ ಅಲ್ಲಿಂದ.

ಮೆತ್ತನೆಯ ಹಿಮದಲ್ಲಿ ಸ್ನೋಶೂ ತೊಟ್ಟು ನಡೆಯುವುದೆಂದರೆ ನಿಧಾನಕ್ಕೆ ಮೆಟ್ಟಿಲು ಹತ್ತಿದ ಹಾಗೆ. ಮೈ ಬೇಗ ಬಿಸಿಯೇರುತ್ತದೆ. ಆಮೇಲೆ ಗೈಡ್ ನಿಂತು ಮೊಲದ ಹೆಜ್ಜೆಗುರುತು ತೋರಿಸುತ್ತಾರೆ, ಎಲ್ಲರೂ ಫೋಟೊ ತೆಗೆಯುತ್ತಾರೆ, ಐದು ನಿಮಿಷ ಕಳೆಯುತ್ತದೆ. ಅಷ್ಟರಲ್ಲಿ ಬೆನ್ನಿಗಂಟಿದ ಒದ್ದೆ ಬಟ್ಟೆ ಐಸಿನಂತಾಗಿ ಮೈಯ ಶಾಖವನ್ನೆಲ್ಲ ಹೀರತೊಡಗುತ್ತದೆ. ಮತ್ತೆ ನಡೆದರೂ ಅದು ಒಣಗುವುದಿಲ್ಲ. ಅದಕ್ಕೇ ಹೊರಡುವ ಜಾಗದಲ್ಲಿ ಸ್ವಲ್ಪ ಚಳಿ ಅನ್ನಿಸುತ್ತಿದ್ದರೆ ಬಟ್ಟೆ ಸರಿಯಿದೆ ಎಂದರ್ಥ. ಅಲ್ಲೇ ಬೆಚ್ಚಗಿದ್ದರೆ ಒಂದು ಪದರ ಬಿಚ್ಚಿ ಬೆನ್ನಚೀಲಕ್ಕೆ ಹಾಕಿ.

ಮೈಗೆ ತಾಗುವ ಪದರ ಮೆರಿನೊ ಉಣ್ಣೆಯದೋ ಸಿಂಥೆಟಿಕ್ ಥರ್ಮಲ್ಲೋ ಆಗಿರಲಿ. ನಮ್ಮವರು ಮಾಡುವ ಮಾಮೂಲಿ ತಪ್ಪು ಇಲ್ಲೇ. ಒಳ್ಳೆಯ ಥರ್ಮಲ್ ಕೊಂಡು, ಅದರೊಳಗೆ ರೂಢಿಯಂತೆ ಹತ್ತಿಯ ಬನಿಯನ್ ಹಾಕಿಕೊಳ್ಳುತ್ತಾರೆ. ಹತ್ತಿ ಬೆವರನ್ನು ಹೀರಿ ಹಿಡಿದಿಟ್ಟುಕೊಳ್ಳುತ್ತದೆ. ಆಮೇಲೆ ಮೇಲಿನ ಪದರ ಎಷ್ಟು ದುಬಾರಿಯದಾದರೂ ಪ್ರಯೋಜನವಿಲ್ಲ. ಅಪ್ಪನಿಗೆ ಇದನ್ನು ಎರಡು ಸಲ ಹೇಳಿ. ಅದರ ಮೇಲೆ ತೆಳು ಫ್ಲೀಸ್ (ಮೆತ್ತನೆಯ ಸಿಂಥೆಟಿಕ್ ಬಟ್ಟೆಯ, ಸ್ವೆಟರಿನಂಥದ್ದು), ಅದರ ಮೇಲೆ ಗಾಳಿ ತಡೆಯುವ ಜಾಕೆಟ್ ಮತ್ತು ಪ್ಯಾಂಟು. ನಡೆಯುವಾಗ ಇಷ್ಟು ಸಾಕು. ದಪ್ಪ ಪಫರ್ ಜಾಕೆಟ್ ಚೀಲದಲ್ಲಿರಲಿ, ನಿಂತ ಕೂಡಲೇ ತೊಟ್ಟುಕೊಳ್ಳಿ. ಚಳಿಯಾದ ಮೇಲೆ ತೊಟ್ಟರೆ ತಡವಾಯಿತು.

ಕಂಪನಿಯವರು ಕೊಡುವ ದಪ್ಪ ಓವರಾಲ್ ಸೂಟು ಸಾಮಾನ್ಯವಾಗಿ ಸ್ನೋಮೊಬೈಲ್ (ಹಿಮದ ಮೇಲೆ ಓಡುವ ಮೋಟಾರು ಗಾಡಿ) ಸವಾರಿಗೆಂದು ಮಾಡಿದ್ದು. ಕೂತು ಗಾಳಿ ಎದುರಿಸುವವರಿಗೆ ಅದು ಸರಿ, ನಡೆಯುವವರಿಗೆ ಅದು ಇಡ್ಲಿ ಪಾತ್ರೆ. ಬೇರೆ ದಾರಿಯಿಲ್ಲದಿದ್ದರೆ ಥರ್ಮಲ್ ಮೇಲೆ ನೇರವಾಗಿ ತೊಟ್ಟು, ನಡೆಯುವಾಗ ಎದೆಯ ಜಿಪ್ ಬಿಚ್ಚಿ, ಬೇಕಾದರೆ ತೋಳು ಕಳಚಿ ಸೊಂಟಕ್ಕೆ ಕಟ್ಟಿಕೊಳ್ಳಿ. ರಾತ್ರಿ ಅರೋರಾ (ಉತ್ತರದ ಆಕಾಶದಲ್ಲಿ ಮೂಡುವ ಬಣ್ಣದ ಬೆಳಕು) ನೋಡುವ ಸ್ನೋಶೂ ನಡಿಗೆಯಾದರೆ ಮಾತ್ರ ಲೆಕ್ಕ ಉಲ್ಟಾ. ಅಲ್ಲಿ ನಡೆಯುವುದು ಕಡಿಮೆ, ಆಕಾಶ ನೋಡುತ್ತಾ ನಿಲ್ಲುವುದೇ ಹೆಚ್ಚು, ಆ ಸೂಟು ಬೇಕೇ ಬೇಕು.

ಕಾಲಿಗೆ ನೀರು ಇಳಿಯದ, ಒಂದು ಸೈಜ್ ದೊಡ್ಡ ಬೂಟು. ಮೂರು ಜೊತೆ ಸಾಕ್ಸ್ ತುರುಕಿದರೆ ಬೆರಳು ಆಡಿಸಲು ಜಾಗವಿರದೆ ರಕ್ತ ಓಡುವುದು ನಿಧಾನವಾಗಿ ಕಾಲು ಇನ್ನೂ ಬೇಗ ಮರಗಟ್ಟುತ್ತದೆ. ತೆಳು ಸಾಕ್ಸ್ ಒಂದು, ಉಣ್ಣೆಯದು ಇನ್ನೊಂದು. ಅಮ್ಮ ಕಾಲುಂಗುರ ತೆಗೆಯಲು ಒಪ್ಪಿದರೆ ಒಳ್ಳೆಯದು, ಬಿಗಿ ಬೂಟಿನಲ್ಲಿ ಅದು ಬೆರಳನ್ನು ಒತ್ತುತ್ತದೆ. ಮೂಗುತಿ, ಓಲೆಯನ್ನಂತೂ ಹೋಟೆಲಿನಲ್ಲೇ ಬಿಡಲಿ. ಲೋಹ ಚಳಿಯನ್ನು ನೇರ ಚರ್ಮಕ್ಕೆ ದಾಟಿಸುತ್ತದೆ, ಮೊದಲು ಹೆಪ್ಪುಗಟ್ಟುವ ಜಾಗಗಳೂ ಮೂಗು ಮತ್ತು ಕಿವಿಯೇ. ತಾಳಿ ಒಳಪದರದ ಕೆಳಗಿದ್ದರೆ ಏನೂ ಆಗದು. ಕೈಗೆ ತೆಳು ಗ್ಲೌಸ್, ಅದರ ಮೇಲೆ ಬೆರಳುಗಳೆಲ್ಲ ಒಟ್ಟಿಗಿರುವ ಮಿಟನ್. ಮಿಟನ್ನಿಗೆ ದಾರ ಹಾಕಿ ಮಣಿಕಟ್ಟಿಗೆ ಕಟ್ಟಿಕೊಳ್ಳಿ, ಫೋಟೊ ತೆಗೆಯುವಾಗ ಕಳಚಿಟ್ಟು ಮರೆಯುವವರೇ ಹೆಚ್ಚು.

ಇನ್ನು ಸ್ನೋಶೂ. ಅದರ ಅಳತೆ ತೀರ್ಮಾನವಾಗುವುದು ತೂಕದ ಮೇಲೆ. ಪಾದದ ಅಳತೆಗೂ ಅದಕ್ಕೂ ಸಂಬಂಧ ಕಡಿಮೆ. ಬಟ್ಟೆ, ಚೀಲ ಎಲ್ಲ ಸೇರಿ ಸುಮಾರು 80 ಕಿಲೊ ಒಳಗಿದ್ದರೆ 22 ಇಂಚಿನದು, ಅದಕ್ಕಿಂತ ಭಾರವಿದ್ದರೆ 25 ಇಂಚಿನದು, ತುಂಬ ದೊಡ್ಡ ಆಳಾದರೆ 30. ಲ್ಯಾಪ್‌ಲ್ಯಾಂಡಿನ ನಡುಚಳಿಗಾಲದ ಹಿಮ ಒಣ ಹಿಟ್ಟಿನಂತಿರುತ್ತದೆ. ಸ್ನೋಶೂ ಇದ್ದರೂ ಹೊಸ ಹಿಮದಲ್ಲಿ ಒಂದು ಗೇಣು ಹೂತುಹೋಗುತ್ತದೆ, ಇಲ್ಲದಿದ್ದರೆ ತೊಡೆಯವರೆಗೆ. ಹೂತರೆ ಅದು ಕೆಟ್ಟಿದೆ ಎಂದಲ್ಲ.

ಕಟ್ಟುವಾಗ ಪಾದದ ಮುಂಭಾಗದ, ಬೆರಳುಗಳ ಬುಡದ ಉಬ್ಬು ಸರಿಯಾಗಿ ತಿರುಗುವ ಕೀಲಿನ ಮೇಲೆ ಬರಬೇಕು. ಬೂಟಿನ ತುದಿ ಮುಂದಿನ ಚೌಕಟ್ಟಿಗೆ ತಾಗಿದರೆ ಪ್ರತಿ ಹೆಜ್ಜೆಗೂ ಮುಗ್ಗರಿಸುತ್ತೀರಿ. ಮೊದಲು ಮುಂದಿನ ಪಟ್ಟಿ, ಆಮೇಲೆ ಹಿಮ್ಮಡಿಯ ಪಟ್ಟಿ. ಹಿಮ್ಮಡಿ ಮಾತ್ರ ಸಲೀಸಾಗಿ ಮೇಲೇಳಬೇಕು. ಬಕಲ್‌ಗಳು ಹೊರಬದಿಗೆ ಬರುವಂತೆ ಎಡ-ಬಲ ನೋಡಿಕೊಳ್ಳಿ, ಒಳಬದಿಗಿದ್ದರೆ ಇನ್ನೊಂದು ಕಾಲು ಅದನ್ನೇ ತುಳಿಯುತ್ತದೆ. ಹತ್ತು ನಿಮಿಷ ನಡೆದ ಮೇಲೆ ಎಲ್ಲ ಪಟ್ಟಿಗಳೂ ಸ್ವಲ್ಪ ಸಡಿಲವಾಗಿರುತ್ತವೆ, ನಿಂತು ಮತ್ತೆ ಬಿಗಿ ಮಾಡಿ. ದಾರಿಯಲ್ಲಿ ಒಂದು ಕಾಲು ಇದ್ದಕ್ಕಿದ್ದಂತೆ ಎತ್ತರವಾದಂತೆ ಅನ್ನಿಸಿದರೆ ಬೂಟಿನಡಿ ಹಿಮ ಉಂಡೆಗಟ್ಟಿದೆ. ಕೈಯಲ್ಲಿ ಹಿಡಿದು ನಡೆಯುವ ಕೋಲಿನಿಂದ ಎರಡೇಟು ಹೊಡೆದರೆ ಉದುರುತ್ತದೆ. ಕೋಲುಗಳ ತುದಿಗೆ ಅಗಲವಾದ ಬಿಲ್ಲೆ ಇರಲಿ. ಮರಗಳ ನಡುವೆ ನುಗ್ಗುವಾಗ ಕೋಲಿನ ಕುಣಿಕೆಯಿಂದ ಕೈ ಹೊರಗೆ ತೆಗೆಯಿರಿ. ಕೊಂಬೆಗೆ ಸಿಕ್ಕಿದರೆ ಕೋಲು ಹೋಗಲಿ, ಭುಜ ಉಳಿಯಲಿ.

ಕಾಲನ್ನು ಮಾಮೂಲಿಗಿಂತ ತುಸು ಅಗಲಿಸಿ ಹೆಜ್ಜೆ ಇಟ್ಟರೆ ಸಾಕು, ವಿಶೇಷ ವಿದ್ಯೆ ಬೇಡ. ಹಿಂದಕ್ಕೆ ಹೆಜ್ಜೆ ಇಡಲು ಮಾತ್ರ ಹೋಗಬೇಡಿ. ಸ್ನೋಶೂವಿನ ಬಾಲ ಹಿಮಕ್ಕೆ ಚುಚ್ಚಿಕೊಂಡು ಅಂಗಾತ ಬೀಳುತ್ತೀರಿ. ತಿರುಗಬೇಕಾದರೆ ಚಿಕ್ಕ ಚಿಕ್ಕ ಹೆಜ್ಜೆಯಲ್ಲಿ ಅರ್ಧವೃತ್ತ ಸುತ್ತಿ. ಬೀಳುವುದು ಹೇಗೂ ಖಚಿತ, ನೋವೂ ಆಗದು. ಏಳುವುದೇ ಕಷ್ಟ. ಕೈ ಊರಿದರೆ ಮೊಣಕೈವರೆಗೆ ಹಿಮದೊಳಗೆ ಹೋಗುತ್ತದೆ, ಆಧಾರ ಸಿಗುವುದಿಲ್ಲ. ಒಂದು ಪಕ್ಕಕ್ಕೆ ಹೊರಳಿ, ಇಳಿಜಾರಿದ್ದರೆ ಕಾಲು ತಗ್ಗಿನ ಕಡೆಗೆ ಮಾಡಿ, ಎರಡೂ ಕೋಲನ್ನು ಗುಣಾಕಾರದ ಚಿಹ್ನೆಯಂತೆ ಹಿಮದ ಮೇಲೆ ಮಲಗಿಸಿ, ಅವು ಕೂಡುವ ಜಾಗವನ್ನು ಒತ್ತಿ ಮೊದಲು ಮಂಡಿಯೂರಿ, ಆಮೇಲೆ ಎದ್ದುಕೊಳ್ಳಿ. ಅಪ್ಪ-ಅಮ್ಮ ಇದನ್ನು ಹೊರಡುವ ಜಾಗದಲ್ಲೇ ಒಮ್ಮೆ ಅಭ್ಯಾಸ ಮಾಡಲಿ. ಮಾರನೆಯ ದಿನ ನೋಯುವುದು ಮಂಡಿಯಲ್ಲ, ತೊಡೆಯ ಮುಂಭಾಗ ಮತ್ತು ಸೊಂಟದ ಸಂದು. ಕಾಲನ್ನು ಎತ್ತಿ ಎತ್ತಿ ಇಡುವುದರಿಂದ.

ದೂರದ ಬಗ್ಗೆ: ಆಳ ಹಿಮದಲ್ಲಿ ಗಂಟೆಗೆ 2 ಕಿ.ಮೀ. ಆದರೆ ಅದೇ ಹೆಚ್ಚು. ಕುಮಾರ ಪರ್ವತ ಹತ್ತಿದ ಲೆಕ್ಕ ಇಲ್ಲಿ ಹಾಕಬೇಡಿ. ಅಪ್ಪ-ಅಮ್ಮನಿಗೆ ಒಟ್ಟು 3 ಕಿ.ಮೀ., ನಡುವೆ ಬೆಂಕಿ ಕಾಯಿಸುವ ವಿರಾಮ, ಇಷ್ಟೇ ನೋಡಿ. ಸಾಲಿನಲ್ಲಿ ಅವರು ಮೂರನೆಯವರೋ ನಾಲ್ಕನೆಯವರೋ ಆಗಿ ನಡೆಯಲಿ. ಮುಂದಿನವರು ತುಳಿದು ಗಟ್ಟಿ ಮಾಡಿದ ಜಾಡು ಅರ್ಧ ಶ್ರಮ ಉಳಿಸುತ್ತದೆ.

ಗೈಡ್ ಬೇಕೇ ಎಂದೂ ಕೇಳಿದ್ದೀರಿ. ಗುರುತು ಹಾಕಿದ ಸ್ನೋಶೂ ದಾರಿಗಳಲ್ಲಿ ನೀವೇ ಹೋಗಬಹುದು, ಫಿನ್‌ಲ್ಯಾಂಡಿನ ಕಾಡುಗಳಲ್ಲಿ ನಡೆಯಲು ಎಲ್ಲರಿಗೂ ಹಕ್ಕಿದೆ. ಆದರೂ ಮೊದಲ ಸಲ ಗೈಡ್ ಇರಲಿ, ಏಕೆಂದರೆ ಅಪಾಯಗಳೆಲ್ಲ ಹಿಮದ ಕೆಳಗೆ ಅಡಗಿವೆ. ದೊಡ್ಡ ಸ್ಪ್ರೂಸ್ ಮರದ ಬುಡದ ಸುತ್ತ ಕೊಂಬೆಗಳ ಅಡಿ ಹಿಮ ಟೊಳ್ಳಾಗಿರುತ್ತದೆ, ಕಾಲಿಟ್ಟರೆ ಸೊಂಟದವರೆಗೆ ಕುಸಿಯಬಹುದು. ಹರಿಯುವ ತೊರೆಯ ಮೇಲಿನ ಹಿಮಸೇತುವೆ ನೋಡಲು ನೆಲದ ಹಾಗೇ ಇರುತ್ತದೆ. ಕೆರೆಯ ಮೇಲೆ ಇನ್ನೊಂದು ಆಟ: ಹಿಮದ ಭಾರಕ್ಕೆ ಮಂಜುಗಡ್ಡೆ ಜಗ್ಗಿ, ಬಿರುಕಿನಿಂದ ನೀರು ಮೇಲೆ ಬಂದು, ಹಿಮದ ಹೊದಿಕೆಯ ಕೆಳಗೆ ಹೆಪ್ಪುಗಟ್ಟದೆ ಕೂತಿರುತ್ತದೆ. ಸಾಮಾನ್ಯವಾಗಿ ಮುಳುಗುವ ಭಯ ಅಲ್ಲಿಲ್ಲ, ಆದರೆ ಸ್ನೋಶೂ ಒದ್ದೆಯಾಗಿ ಗಾಳಿಗೆ ಬಂದ ತಕ್ಷಣ ಐಸ್ ಕಟ್ಟಿ ಒಂದೊಂದು ಕಾಲೂ ಕಲ್ಲು ಕಟ್ಟಿದಂತಾಗುತ್ತದೆ. ಬೂಟಿನೊಳಗೆ ನೀರು ಹೋದರೆ ನಡಿಗೆ ಅಲ್ಲಿಗೆ ಮುಗಿಯಿತು. ಸ್ಕೀ ಮಾಡುವವರಿಗೆಂದು ಯಂತ್ರದಿಂದ ಗೆರೆ ಕೊರೆದ ಜಾಡಿನ ಮೇಲೆ ಕಾಲಿಡಬೇಡಿ, ಸ್ಥಳೀಯರಿಗೆ ಅದರಷ್ಟು ಸಿಟ್ಟು ಬರಿಸುವ ಸಂಗತಿ ಬೇರೆ ಇಲ್ಲ. ಸ್ನೋಮೊಬೈಲ್ ದಾರಿಯಲ್ಲೂ ನಡೆಯಬಾರದು, ತಿರುವಿನಲ್ಲಿ ನಿಮ್ಮನ್ನು ಕಾಣುವಷ್ಟರಲ್ಲಿ ಗಾಡಿ ಬಂದಾಗಿರುತ್ತದೆ.

ಬುಕ್ ಮಾಡುವ ಮುನ್ನ ಇಮೇಲಿನಲ್ಲಿ ಕೇಳಿ: ಗುಂಪಿನಲ್ಲಿ ಗರಿಷ್ಠ ಎಷ್ಟು ಜನ? ಎಂಟು ಅಂದರೆ ಸರಿ. ಹದಿನೈದು ಅಂದರೆ ಕಾಯುತ್ತಾ ನಿಂತೇ ಕಾಲು ಮರಗಟ್ಟುತ್ತದೆ. ಒಬ್ಬರಿಗೆ ಸುಸ್ತಾದರೆ ಅರ್ಧದಿಂದ ಹಿಂದಿರುಗಲು ಅಡ್ಡದಾರಿ ಇದೆಯೇ? ಯಾವ ತಾಪಮಾನಕ್ಕೆ ರದ್ದು ಮಾಡುತ್ತಾರೆ, ಹಣ ವಾಪಸ್ಸೇ? ಈ ಮೂರಕ್ಕೂ ನೇರ ಉತ್ತರ ಕೊಡದ ಕಡೆ ನಾನಂತೂ ಬುಕ್ ಮಾಡುವುದಿಲ್ಲ. ಅಪ್ಪನಿಗೆ ಬಿ.ಪಿ., ಹೃದಯದ ತೊಂದರೆ ಅಥವಾ ಅಸ್ತಮಾ ಇದ್ದರೆ ಊರಿನಲ್ಲೇ ಡಾಕ್ಟರನ್ನು ಕೇಳಿ, ಗೈಡಿಗೂ ತಿಳಿಸಿ. ತಣ್ಣನೆಯ ಗಾಳಿಯಲ್ಲಿ ಏದುಸಿರು ಬಿಡುವುದು ಎದೆಗೆ ಹೊರೆ. ಇನ್‌ಹೇಲರ್, ಇನ್ಸುಲಿನ್ ಒಳಜೇಬಿನಲ್ಲಿರಲಿ. ಚೀಲದಲ್ಲಿದ್ದರೆ ಇನ್ಸುಲಿನ್ ಹೆಪ್ಪುಗಟ್ಟುತ್ತದೆ, ಇನ್‌ಹೇಲರ್ ಸರಿಯಾಗಿ ಕೆಲಸ ಮಾಡದು. ತುರ್ತು ನಂಬರ್ 112.

ನಡೆಯುವಾಗ ಹತ್ತಿಪ್ಪತ್ತು ನಿಮಿಷಕ್ಕೊಮ್ಮೆ ಒಬ್ಬರ ಮುಖ ಇನ್ನೊಬ್ಬರು ನೋಡಿ. ಮೂಗಿನ ತುದಿ, ಕೆನ್ನೆಯಲ್ಲಿ ಮೇಣದಂತೆ ಬಿಳಿಚಿದ ಮಚ್ಚೆ ಕಂಡರೆ ಅದು ಹೆಪ್ಪುಗಟ್ಟುವಿಕೆಯ ಶುರು. ಮರಗಟ್ಟಿರುವುದರಿಂದ ಅವರಿಗೇ ಗೊತ್ತಾಗುವುದಿಲ್ಲ. ಬೆಚ್ಚನೆಯ ಅಂಗೈ ಒತ್ತಿ ಹಿಡಿಯಿರಿ. ಉಜ್ಜಬೇಡಿ, ಹಿಮವನ್ನಂತೂ ಹಚ್ಚಲೇಬೇಡಿ. ಮೈನಸ್ 20ರಲ್ಲಿ ಗಂಟೆಗೆ 20 ಕಿ.ಮೀ. ಗಾಳಿ ಬೀಸಿದರೆ ಚರ್ಮಕ್ಕೆ ಅದು ಮೈನಸ್ 30. ಕಾಡಿನೊಳಗೆ ಗಾಳಿ ಇರದು, ಮರ ಮುಗಿದು ಬೋಳುಗುಡ್ಡ ಶುರುವಾಗುವ ಕಡೆ ಎಚ್ಚರ.

ಜಾಗದ ಬಗ್ಗೆ ಒಂದು ಮಾತು. ನೀವು ಕಳಿಸಿದ ಫೋಟೊದಲ್ಲಿರುವ, ಹಿಮದ ಭೂತಗಳಂತೆ ನಿಂತ ಮರಗಳಿಗೆ ಅಲ್ಲಿಯವರು ‘ತುಕ್ಕು’ ಅನ್ನುತ್ತಾರೆ (ನಮ್ಮ ಕಬ್ಬಿಣದ ತುಕ್ಕಿಗೂ ಅದಕ್ಕೂ ಸಂಬಂಧವಿಲ್ಲ, ಅವರ ಉಚ್ಚಾರ ‘ತ್ಯುಕ್ಕು’ಗೆ ಹತ್ತಿರ). ತೇವದ ಗಾಳಿ ಗುಡ್ಡಕ್ಕೆ ತಾಗಿ ಕೊಂಬೆಗಳ ಮೇಲೆ ಪದರ ಪದರವಾಗಿ ಹೆಪ್ಪುಗಟ್ಟಿ, ಅದರ ಮೇಲೆ ಹಿಮ ಕೂತು ಆಗುವಂಥದ್ದು. ಗುಡ್ಡದ ಮೇಲ್ಭಾಗದಲ್ಲೇ ಅದು ಚೆನ್ನಾಗಿ ಬೆಳೆಯುವುದು. ಲ್ಯಾಪ್‌ಲ್ಯಾಂಡಿನ ಮುಖ್ಯ ಊರಾದ ರೋವಾನಿಯೆಮಿಯ ಪಕ್ಕದ ತಗ್ಗಿನ ಕಾಡಿನಲ್ಲಿ ಆ ಆಕಾರಗಳು ಸಿಗದೆ ಜನ ಬೇಸರಪಟ್ಟುಕೊಳ್ಳುತ್ತಾರೆ. ಅದೇ ಬೇಕಿದ್ದರೆ ಪೋಸಿಯೊ ಕಡೆಯ ರೀಸಿತುಂತುರಿ ರಾಷ್ಟ್ರೀಯ ಉದ್ಯಾನಕ್ಕೆ ಹೋಗುವ ನಡಿಗೆ ಹುಡುಕಿ. ಜನವರಿ, ಫೆಬ್ರವರಿ ಅದಕ್ಕೆ ಸರಿಯಾದ ಕಾಲ. ಅಂಥ ಮರವನ್ನು ಕೋಲಿನಿಂದ ಬಡಿದು ‘ಹಿಮಸ್ನಾನ’ದ ವಿಡಿಯೊ ಮಾಡಬೇಡಿ, ಬೀಳುವುದು ಪುಡಿಯಲ್ಲ, ಗಟ್ಟಿ ಹೆಂಟೆ. ಉತ್ತರದ ಸಾರಿಸೆಲ್ಕೆಯೂ ಚೆನ್ನ, ಪಕ್ಕದಲ್ಲೇ ಉರ್ಹೊ ಕೆಕ್ಕೊನೆನ್ ರಾಷ್ಟ್ರೀಯ ಉದ್ಯಾನ. ರೋವಾನಿಯೆಮಿಯಲ್ಲಿ ಫೆಬ್ರವರಿ ಮೊದಲಿಗೆ ಹಗಲು ಸುಮಾರು 6 ಗಂಟೆ, ಕೊನೆಯ ಹೊತ್ತಿಗೆ 9 ದಾಟುತ್ತದೆ. ತಿಂಗಳ ಎರಡನೆಯ ಅರ್ಧಕ್ಕೆ ಟಿಕೆಟ್ ಹಾಕಿದರೆ ಅಪ್ಪ-ಅಮ್ಮನಿಗೆ ಒಳ್ಳೆಯದು.

ಬೆಂಕಿಯ ವಿರಾಮದಲ್ಲಿ ಸಾಮಾನ್ಯವಾಗಿ ಕೊಡುವುದು ಸಾಸೇಜ್ ಮತ್ತು ಬಿಸಿ ಹಣ್ಣಿನ ರಸ. ಸಸ್ಯಾಹಾರಿಗಳೆಂದರೆ ಮೊದಲೇ ತಿಳಿಸಿ. ನಿಮ್ಮ ಚೀಲದಲ್ಲಿ ಚಕ್ಕುಲಿ, ಕೋಡುಬಳೆ, ಹುರಿದ ಕಡಲೆಕಾಯಿ ಇರಲಿ. ನೀರಿನಂಶ ಇಲ್ಲದ್ದರಿಂದ ಎಂಥ ಚಳಿಯಲ್ಲೂ ಹಾಗೇ ಇರುತ್ತವೆ. ಬಾಳೆಹಣ್ಣು, ಚಪಾತಿ ಕಲ್ಲಾಗುತ್ತವೆ. ಹಾಲು, ತುಪ್ಪ, ಮಾಂಸದ ಪದಾರ್ಥಗಳನ್ನು ಭಾರತದಿಂದ ಒಯ್ಯಲು ಯುರೋಪಿಯನ್ ಒಕ್ಕೂಟದ ನಿಯಮ ಬಿಡುವುದಿಲ್ಲ. ನೀರು ಫ್ಲಾಸ್ಕಿನಲ್ಲಿ, ಬಿಸಿಯಾಗಿ. ಕೊಳವೆಯಿಂದ ಹೀರುವ ನೀರಿನ ಚೀಲ ಮೊದಲ ಅರ್ಧ ಗಂಟೆಯಲ್ಲೇ ಕಟ್ಟಿಕೊಳ್ಳುತ್ತದೆ.

ಫೋನು, ಪವರ್ ಬ್ಯಾಂಕ್ ಎರಡೂ ಫ್ಲೀಸಿನ ಒಳಜೇಬಿನಲ್ಲಿ. ಹೊರಜೇಬಿನಲ್ಲಿದ್ದರೆ ಅರ್ಧ ಚಾರ್ಜ್ ಇದ್ದದ್ದೂ ಫಕ್ಕನೆ ಆಫ್ ಆಗುತ್ತದೆ. ಅಪ್ಪ ಕನ್ನಡಕ ಹಾಕುವವರಾದರೆ ಮೂಗು ಮುಚ್ಚುವಂತೆ ಮಫ್ಲರ್ ಸುತ್ತಬಾರದು, ಉಸಿರು ಮೇಲೆ ಹೋಗಿ ಗಾಜಿನ ಮೇಲೆ ಐಸ್ ಕಟ್ಟುತ್ತದೆ. ಗದ್ದದವರೆಗೆ ಇಳಿಸಿಕೊಂಡು, ಗಾಳಿ ಬಂದಾಗ ಮಾತ್ರ ಏರಿಸಲಿ. ಕ್ಯಾಮೆರಾವನ್ನು ಹೋಟೆಲಿನ ಬಾಗಿಲು ದಾಟುವ ಮೊದಲೇ ಜಿಪ್ ಇರುವ ಪ್ಲಾಸ್ಟಿಕ್ ಚೀಲಕ್ಕೆ ಹಾಕಿ, ಒಳಗೆ ಎರಡು ಗಂಟೆ ಹಾಗೇ ಬಿಡಿ. ಮೆಮೊರಿ ಕಾರ್ಡನ್ನು ಮಾತ್ರ ಹೊರಗಿರುವಾಗಲೇ ತೆಗೆದುಕೊಳ್ಳಿ, ಇಲ್ಲದಿದ್ದರೆ ಫೋಟೊ ನೋಡುವ ಆತುರಕ್ಕೆ ಚೀಲ ಬಿಚ್ಚದೆ ಇರಲಾರಿರಿ.